ಕೇಳ್ರಿ, ಹೇಳ್ತೀನಿ: ಎಗ್ಗು, ರಮ್ಮು ಮತ್ತು ಒಂದು ಪುಟ್ಟ ಫೆರ್ರಿ

ಹೋದ ಸಂಚಿಕೇಲಿ ಸ್ಕಾಟ್ಲೆಂಡ್‌ನ ಪಶ್ಚಿಮ ಕರಾವಳಿಯ ಮ್ಯಾಲೆಗ್ ಅನ್ನೋ ಸಣ್ಣ ಬಂದರಿನಿಂದ ಎಗ್, ಮಕ್, ರಮ್, ಕ್ಯಾನ ಅನ್ನೋ ನಾಲ್ಕು ದ್ವೀಪಗಳಿಗೆ ಓಡೋ ಲಾಕ್‌ನೆವಿಸ್ ಫೆರ್ರಿ ಬಗ್ಗೆ ಒಂದು ಪುಟ ಬರೆದಿದ್ದೆ. ನಾಲ್ಕಕ್ಕೂ ಸೇರಿಸಿ ಸ್ಮಾಲ್ ಐಲ್ಸ್ ಅಂತಾರೆ. ಯಾರು ಓದ್ತಾರೆ ಇದನ್ನ ಅಂದ್ಕೊಂಡಿದ್ದೆ, ಆದ್ರೆ ಈ ಅಂಕಣಕ್ಕೆ ಇಷ್ಟು ಪ್ರಶ್ನೆ ಯಾವತ್ತೂ ಬಂದಿರಲಿಲ್ಲ. ದ್ವೀಪಗಳ ಹೆಸರು ನೋಡಿ ನಕ್ಕವರೇ ಅರ್ಧ ಜನ, ಅವರಿಗೆಲ್ಲ ಒಂದೇ ಉತ್ತರ, ಹೌದು ನಾನೂ ನಕ್ಕಿದ್ದೆ. ಉಳಿದ ಅರ್ಧಕ್ಕೆ ಕೆಳಗಡೆ ಉತ್ತರ ಇದೆ.

ಪ್ರಶ್ನೆ: ಸರ್, ನಾವು ಗ್ಲಾಸ್ಗೋದಲ್ಲಿ ಎರಡು ವರ್ಷದಿಂದ ಇದ್ದೀವಿ. ನಿಮ್ಮ ಲೇಖನ ಓದಿ ಎಗ್‌ಗೆ ಹೋಗೋಣ ಅಂತ ಹೊರಟ್ರೆ ಕಾರಿಗೆ ಟಿಕೆಟ್ ಕೊಡಲ್ಲ ಅಂತಾರೆ! ನೀವೇ ಬರೆದಿದ್ರಿ ಇದು ಕಾರ್ ಫೆರ್ರಿ, ಹದಿನಾಲ್ಕು ಕಾರು ಹಿಡಿಸತ್ತೆ ಅಂತ. ಮತ್ತೆ ಆ ಹದಿನಾಲ್ಕು ಕಾರು ಯಾರದು?

ಅಲ್ಲಿ ಇರೋರದು. ತಪ್ಪು ನಂದೇ, ಅದನ್ನ ಬರೀಬೇಕಿತ್ತು, ಮರೆತೆ. ಸ್ಮಾಲ್ ಐಲ್ಸ್‌ಗೆ ಟೂರಿಸ್ಟ್‌ಗಳ ಕಾರು ಬಿಡಲ್ಲ. ದ್ವೀಪದಲ್ಲಿ ಮನೆ ಇರೋರು, ಕಟ್ಟಡದ ಕೆಲಸಕ್ಕೆ ವ್ಯಾನ್ ತರೋರು, ಈ ಥರದವರಿಗೆ ಪರ್ಮಿಟ್ ಇರತ್ತೆ, ಅಷ್ಟೇ. ನಿಮ್ಮಂಥವರು ಮ್ಯಾಲೆಗ್‌ನಲ್ಲೇ ಕಾರು ನಿಲ್ಲಿಸಿ ಬ್ಯಾಗ್ ಹೆಗಲಿಗೆ ಹಾಕ್ಕೊಂಡು ಹತ್ತಬೇಕು. ಇನ್ನೂ ಒಳ್ಳೇದು ಅಂದ್ರೆ ಗ್ಲಾಸ್ಗೋದಿಂದ ಟ್ರೈನಲ್ಲೇ ಹೋಗಿ, ವೆಸ್ಟ್ ಹೈಲ್ಯಾಂಡ್ ಲೈನ್ 1901ರಿಂದ ಮ್ಯಾಲೆಗ್‌ವರೆಗೂ ಇದೆ, ಸ್ಟೇಷನ್ನಿಂದ ಫೆರ್ರಿಗೆ ನಡ್ಕೊಂಡು ಹೋಗೋ ದೂರ.

ಕೋಪ ಮಾಡ್ಕೋಬೇಡಿ, ಲೆಕ್ಕ ಹಾಕಿ ನೋಡಿ. ಎಗ್ ಉದ್ದ ಒಂಬತ್ತು ಕಿಲೋಮೀಟರ್, ಅಗಲ ಐದು, ಅದರಲ್ಲಿ ಒಂದೇ ಒಂದು ರಸ್ತೆ, ಎದುರಿಂದ ಗಾಡಿ ಬಂದ್ರೆ ಒಬ್ಬರು ಪಕ್ಕಕ್ಕೆ ಸರೀಬೇಕು. ಜನ ಸುಮಾರು ನೂರು. ಅಲ್ಲಿಗೆ ಬೇಸಿಗೆಯ ಒಂದು ಶನಿವಾರ ಹದಿನಾಲ್ಕು ಟೂರಿಸ್ಟ್ ಕಾರು ಇಳಿದ್ರೆ ಆ ಊರಿನ ಗತಿ ಏನು? ಆಮೇಲೆ ಆ ಡೆಕ್ಕಲ್ಲಿ ನಿಮ್ಮ ಕಾರು ನಿಂತ್ರೆ ಯಾರದೋ ಸಿಮೆಂಟು, ಯಾರದೋ ಕುರಿ ಟ್ರೇಲರ್ರು, ಯಾರದೋ ಗ್ಯಾಸ್ ಸಿಲಿಂಡರ್ರು ಬಂದರಲ್ಲೇ ಉಳ್ಕೊಳತ್ತೆ. ಮಲ್ ದ್ವೀಪದ ಪಕ್ಕದ ಅಯೋನಕ್ಕೂ ಇದೇ ರೂಲು, ಫಿಯೋನ್‌ಫೋರ್ಟ್‌ನಲ್ಲಿ ಕಾರು ಬಿಟ್ಟು ಹತ್ತು ನಿಮಿಷ ಫೆರ್ರಿಯಲ್ಲಿ ನಿಂತ್ರೆ ಆಯ್ತು. ಕಾರು ತಗೊಂಡೇ ದ್ವೀಪ ನೋಡ್ಬೇಕು ಅನ್ನೋ ಹಟ ಇದ್ರೆ ರಾಸೇ ಇದೆ, ಗೀಘ ಇದೆ, ಲಿಸ್ಮೋರ್ ಇದೆ. ಎಗ್‌ಗೆ ಮಾತ್ರ ಸೈಕಲ್ಲು.

ಪ್ರಶ್ನೆ: ಹೋದ ಸಂಚಿಕೆಯ ಫೋಟೋದಲ್ಲಿ ಲಾಕ್‌ನೆವಿಸ್ ಹಡಗಿನ ಹಿಂಭಾಗದಲ್ಲಿ ಏನೋ ದೊಡ್ಡ ಬಾಗಿಲಿನ ಥರ ಆಕಾಶಕ್ಕೆ ಎದ್ದು ನಿಂತಿದೆಯಲ್ಲ, ನನ್ನ ಮಗಳು ಅದು ಹಡಗಿನ ಬಾಲ ಅಂತಾಳೆ, ನಾನು ಕ್ರೇನು ಅಂದೆ. ಯಾರು ಸರಿ?

ಮಗಳೇ ಹತ್ರ ಬಂದಿದ್ದಾಳೆ. ಅದು ರ‍್ಯಾಂಪು. ಕಾರು ಇಳಿಯೋ ಸೇತುವೆ ಅನ್ನಿ. ಸಮುದ್ರದಲ್ಲಿ ಓಡುವಾಗ ಅದನ್ನ ಮೇಲಕ್ಕೆ ಎತ್ತಿ ನಿಲ್ಲಿಸ್ತಾರೆ, ದಡಕ್ಕೆ ಬಂದಾಗ ಹಿಂದಕ್ಕೆ ಇಳಿಸ್ತಾರೆ. ಹೌದು, ಹಡಗು ದಡಕ್ಕೆ ಬರೋದೇ ಹಿಮ್ಮುಖವಾಗಿ, ರಿವರ್ಸ್ ಗೇರಲ್ಲಿ ಗ್ಯಾರೇಜಿಗೆ ಕಾರು ಹಾಕಿದ ಹಾಗೆ.

ಇಷ್ಟು ಉದ್ದ ಯಾಕೆ ಅಂತ ಕೇಳಿ, ಅದರಲ್ಲೇ ಇರೋದು ಮಜಾ. ಈ ದ್ವೀಪಗಳಲ್ಲಿ ದೊಡ್ಡ ಬಂದರು ಇಲ್ಲ, ನೀರಿಗೆ ಇಳಿಜಾರಾಗಿ ಹಾಸಿರೋ ಕಾಂಕ್ರೀಟ್ ಇದೆ, ಸ್ಲಿಪ್‌ವೇ ಅಂತಾರೆ. ಅದರ ಹತ್ರ ಆಳ ಕಮ್ಮಿ. ಹಡಗಿನ ಪ್ರೊಪೆಲ್ಲರು, ಚುಕ್ಕಾಣಿ ಎರಡೂ ಇರೋದು ಹಿಂಭಾಗದಲ್ಲೇ. ಆ ಭಾಗವನ್ನೇ ಆಳ ಇಲ್ಲದ ಕಡೆ ತಂದು ನಿಲ್ಲಿಸಿದ್ರೆ ಒಂದು ಅಲೆ ಎದ್ದು ಕೂತ್ರೆ ಸಾಕು, ಪ್ರೊಪೆಲ್ಲರ್ ಕಲ್ಲಿಗೆ ಬಡಿಯತ್ತೆ. ಅದಕ್ಕೆ ಡಿಸೈನ್ ಮಾಡಿದವರು ಹಡಗನ್ನ ಆಳದಲ್ಲೇ ನಿಲ್ಲಿಸಿ ಕೈ ಮಾತ್ರ ಉದ್ದ ಮಾಡಿದ್ರು. ಹಡಗು 2000ರಲ್ಲಿ ಟ್ರೂನ್ ಊರಿನ ಐಲ್ಸಾ ಯಾರ್ಡಲ್ಲಿ ಕಟ್ಟಿದ್ದು, ಉದ್ದ ಸುಮಾರು 49 ಮೀಟರ್, 190 ಜನ ಹಿಡಿಸತ್ತೆ. ಅಂದ್ರೆ ನೋಡಿ, ಜನ ಹಡಗನ್ನ ಕಟ್ಟಿ ಆಮೇಲೆ ದ್ವೀಪಕ್ಕೆ ಕಳಿಸ್ತಾರೆ ಅಂದ್ಕೊಳ್ತೀವಿ, ಇಲ್ಲಿ ದ್ವೀಪದ ದಡ ಹೇಗಿದ್ಯೋ ಹಾಗೆ ಹಡಗು ಹುಟ್ಟತ್ತೆ. ಇವತ್ತು ಬಂದಿರೋ ಪ್ರಶ್ನೆಗಳಲ್ಲಿ ಮುಕ್ಕಾಲು ಪಾಲಿಗೆ ಉತ್ತರ ತಿರುಗಿ ತಿರುಗಿ ಇಲ್ಲಿಗೇ ಬರತ್ತೆ, ದಡ.

ಈ ಸ್ಲಿಪ್‌ವೇಗಳೂ ಹಳೇವಲ್ಲ. ಈ ಶತಮಾನದ ಮೊದಲ ಕೆಲವು ವರ್ಷದವರೆಗೂ ಎಗ್‌ನಲ್ಲಿ ಫೆರ್ರಿ ದಡಕ್ಕೇ ಬರ್ತಿರಲಿಲ್ಲ, ದೂರದಲ್ಲೇ ನಿಲ್ತಿತ್ತು, ದ್ವೀಪದವರು ಫ್ಲಿಟ್ ಬೋಟ್ ಅನ್ನೋ ಸಣ್ಣ ದೋಣಿ ತಗೊಂಡು ಹೋಗಿ, ಎರಡೂ ಅಲೆ ಮೇಲೆ ಏರಿಳೀತಾ ಇರುವಾಗ ಹಡಗಿನ ಪಕ್ಕದ ಬಾಗಿಲಿಂದ ಅಜ್ಜಿ, ಮಗು, ಹಾಲಿನ ಕ್ರೇಟು, ಪೋಸ್ಟ್ ಚೀಲ ಎಲ್ಲಾ ಕೈಯಿಂದ ಕೈಗೆ ಇಳಿಸ್ಕೊಳ್ತಿದ್ರು. ಕ್ಯಾನಕ್ಕೆ ಮಾತ್ರ ಮೊದಲಿಂದ ಕಟ್ಟೆ ಇತ್ತು, ಒಳ್ಳೇ ಸುರಕ್ಷಿತ ಕೊಲ್ಲಿನೂ ಅದಕ್ಕೇ ಇರೋದು.

ಪ್ರಶ್ನೆ: ನಮ್ಮನೆಯವರಿಗೆ ತುಂಬಾ ಭಯ. ಕಾರ್ ಡೆಕ್ಕಿಗೆ ಮೇಲೆ ಮುಚ್ಚಿಗೆನೇ ಇಲ್ಲ, ಅಲೆ ಬಂದ್ರೆ ನೀರೆಲ್ಲ ಒಳಗೆ ಬರಲ್ವಾ, ಮುಳುಗಲ್ವಾ ಅಂತಾರೆ. ಪೂರ್ತಿ ಮುಚ್ಚಿರೋ ದೊಡ್ಡ ಫೆರ್ರಿನೇ ಸೇಫ್ ಅಲ್ವಾ?

ನಿಮ್ಮನೆಯವರ ಭಯ ಸಹಜ, ಆದ್ರೆ ನೀರಿನ ವಿಷ್ಯದಲ್ಲಿ ತಲೆಕೆಳಗಾಗಿದೆ. ನೀರು ಒಳಗೆ ಬರೋದಕ್ಕಿಂತ ಒಳಗೆ ಬಂದ ನೀರು ಹೊರಗೆ ಹೋಗದೆ ಇರೋದೇ ಅಪಾಯ. ತೆರೆದ ಡೆಕ್ಕಿನ ಅಂಚಲ್ಲಿ ದೊಡ್ಡ ದೊಡ್ಡ ಕಿಂಡಿ ಇರತ್ತೆ, ಅಲೆ ಹತ್ತಿದ್ರೆ ಹತ್ತೇ ಸೆಕೆಂಡಲ್ಲಿ ವಾಪಸ್ ಸಮುದ್ರಕ್ಕೆ. ನಿಮ್ಮ ಕಾರಿಗೆ ಉಪ್ಪುನೀರಿನ ಸ್ನಾನ ಆಗತ್ತೆ, ದಡಕ್ಕೆ ಹೋಗಿ ತೊಳ್ಕೊಳ್ಳಿ, ಅಷ್ಟೇ.

ಮುಚ್ಚಿದ ಡೆಕ್ಕಿನ ಕಥೆ ಬೇರೆ. ಅಗಲವಾದ ತಟ್ಟೇಲಿ ಒಂದು ಬೆರಳು ನೀರು ಹಾಕಿ ಎರಡು ಕೈಲಿ ಹಿಡ್ಕೊಂಡು ನಡೀರಿ, ಸ್ವಲ್ಪ ವಾಲಿದ್ರೆ ನೀರೆಲ್ಲ ಆ ಕಡೆಗೇ ಓಡತ್ತೆ, ಓಡಿ ಇನ್ನೂ ವಾಲಿಸತ್ತೆ, ಆಮೇಲೆ ನಿಮ್ಮ ಕೈಲಿಲ್ಲ. ಹಡಗಿನ ಒಂದು ಪೂರ್ತಿ ಅಂತಸ್ತಿನಷ್ಟು ಅಗಲ ಅಡ್ಡಗೋಡೆ ಇಲ್ಲದೆ ಖಾಲಿ ಇದ್ದು ಅಲ್ಲಿ ನೀರು ನುಗ್ಗಿದ್ರೆ ಇದೇ ಆಗತ್ತೆ. 1987ರ ಮಾರ್ಚ್ 6ಕ್ಕೆ ಬೆಲ್ಜಿಯಂನ ಝೀಬ್ರುಗ್ ಬಂದರಿನಿಂದ ಹೊರಟ ಹೆರಾಲ್ಡ್ ಆಫ್ ಫ್ರೀ ಎಂಟರ್‌ಪ್ರೈಸ್ ಅನ್ನೋ ದೊಡ್ಡ ಕಾರ್ ಫೆರ್ರಿ ಮುಂಬಾಗಿಲು ಹಾಕದೇ ಹೊರಟುಬಿಡ್ತು, ಬಾಗಿಲು ಹಾಕಬೇಕಾದ ಮನುಷ್ಯ ಕ್ಯಾಬಿನ್‌ನಲ್ಲಿ ನಿದ್ದೆ ಮಾಡ್ತಿದ್ದ, ಬಾಗಿಲು ಹಾಕಿದ್ಯಾ ಇಲ್ವಾ ಅಂತ ಮೇಲೆ ಕ್ಯಾಪ್ಟನ್‌ಗೆ ತೋರಿಸೋ ಒಂದು ದೀಪ ಕೂಡ ಇರಲಿಲ್ಲ. ಬಂದರು ದಾಟಿ ಕೆಲವೇ ನಿಮಿಷದಲ್ಲಿ ಮಗುಚಿಕೊಳ್ತು, 193 ಜನ ಹೋದ್ರು. ಆಮೇಲೆ ಬಂದ ಎಷ್ಟೋ ನಿಯಮ ಅಲ್ಲಿಂದಾನೇ ಹುಟ್ಟಿದ್ದು.

ಹಾಗಂತ ದೊಡ್ಡ ಫೆರ್ರಿ ಹತ್ತಬೇಡಿ ಅಂತ ಹೇಳ್ತಿಲ್ಲ ಮತ್ತೆ, ಇವತ್ತಿನವು ಬೇರೆ ಥರ. ಸಣ್ಣ ತೆರೆದ ಫೆರ್ರಿಗೆ ಹೆದರಬೇಡಿ ಅಂದೆ ಅಷ್ಟೇ. ರಾಸೇ ಥರ ಕಾರು ಬಿಡೋ ದ್ವೀಪಕ್ಕೆ ಹೊರಟಿದ್ರೆ ಕಾರಿನಲ್ಲಿ ನೀವು ಮಾಡ್ಬೇಕಾದ್ದು ಇಷ್ಟೇ: ಹ್ಯಾಂಡ್‌ಬ್ರೇಕ್ ಎಳೀರಿ, ಗೇರಲ್ಲಿ ಬಿಡಿ, ಕಾರ್ ಅಲಾರ್ಮ್ ಆಫ್ ಮಾಡಿ. ಕೊನೇದು ಯಾರೂ ಮಾಡಲ್ಲ, ಹಡಗು ಅಲುಗಿದ ಕೂಡ್ಲೆ ನಾಲ್ಕು ಕಾರು ಒಟ್ಟಿಗೆ ಬಡ್ಕೊಳಕ್ಕೆ ಶುರು ಮಾಡ್ತವೆ, ಡೆಕ್ಕಿನ ಹುಡುಗರ ಮುಖ ನೋಡ್ಬೇಕು ಆವಾಗ.

ಪ್ರಶ್ನೆ: ಬಿಸಿಲು ಹೊಡೀತಿತ್ತು, ಮ್ಯಾಲೆಗ್‌ನಲ್ಲಿ ಗಾಳಿನೂ ಇರಲಿಲ್ಲ, ಆದ್ರೂ ಫೆರ್ರಿ ಮಕ್ ದ್ವೀಪಕ್ಕೆ ಹೋಗಲ್ಲ ಅಂದ್ರು. ನನ್ನ ಅನುಮಾನ, ಜನ ಕಮ್ಮಿ ಇದ್ರು ಅಂತ ಕ್ಯಾನ್ಸಲ್ ಮಾಡಿದ್ರು. ನಿಮಗೇನನಿಸತ್ತೆ?

ನನಗೆ ಹಾಗನ್ನಿಸಲ್ಲ. ನೀವು ನೋಡಿದ್ದು ಮ್ಯಾಲೆಗ್‌ನ ಆಕಾಶ, ಕ್ಯಾಪ್ಟನ್ ನೋಡಿದ್ದು ಮಕ್‌ನ ದಡ. ಎರಡು ದಿನ ಹಿಂದೆ ಅಟ್ಲಾಂಟಿಕ್‌ನಲ್ಲಿ ಎಲ್ಲೋ ಬೀಸಿದ ಬಿರುಗಾಳಿಯ ಅಲೆ ಇವತ್ತು ಬಿಸಿಲಲ್ಲಿ ನಿಧಾನಕ್ಕೆ ಬಂದು ಮುಟ್ಟತ್ತೆ, ನೋಡಕ್ಕೆ ಎಣ್ಣೆ ಥರ ನುಣ್ಣಗೆ, ಆದ್ರೆ ಹಡಗನ್ನ ಇಡೀ ಮೇಲೆತ್ತಿ ಕೂರ್ಸತ್ತೆ. ನಡುಸಮುದ್ರದಲ್ಲಿ ಅದ್ರಿಂದ ತೊಂದ್ರೆ ಇಲ್ಲ, ಹೊಟ್ಟೆ ತೊಳಸತ್ತೆ ಅಷ್ಟೇ. ಸ್ಲಿಪ್‌ವೇ ಮೇಲೆ ರ‍್ಯಾಂಪ್ ಇಳಿಸಿ ಅದರ ಮೇಲೆ ವ್ಯಾನು ಓಡಿಸುವಾಗ ಹಡಗು ಒಂದು ಮೀಟರ್ ಮೇಲೆ ಕೆಳಗೆ ಆಡಿದ್ರೆ? ಮಕ್‌ನ ಪೋರ್ಟ್ ಮೋರ್ ಅಂತೂ ಕಿರಿದಾದ ಬಾಯಿ, ಅಕ್ಕಪಕ್ಕ ಬಂಡೆ. ಅಲ್ಲಿಗೆ ಹೋಗಿ ನೋಡಿ, ಆಗಲ್ಲ ಅಂತ ವಾಪಸ್ ಬರೋದೂ ಉಂಟು.

ಇನ್ನೊಂದು ಉಬ್ಬರ ಇಳಿತ. ಹುಣ್ಣಿಮೆ ಅಮಾವಾಸ್ಯೆ ಸುತ್ತಮುತ್ತ ನೀರು ತೀರಾ ಕೆಳಗಿಳಿಯತ್ತೆ, ಆಗ ಕೆಲವು ಸ್ಲಿಪ್‌ವೇಲಿ ಹಡಗಿಗೆ ಆಳ ಸಾಕಾಗಲ್ಲ, ಇಲ್ಲಾ ರ‍್ಯಾಂಪಿನ ಇಳಿಜಾರು ಜಾಸ್ತಿಯಾಗಿ ಕಾರಿನ ಹೊಟ್ಟೆ ತಾಗತ್ತೆ. ಬಿಸಿಲಿದ್ದಾಗಲೂ ಟೈಮ್‌ಟೇಬಲ್ ವಿಚಿತ್ರವಾಗಿ ಕಾಣೋದಕ್ಕೆ ಇದೂ ಒಂದು ಕಾರಣ. ಹೋಗೋದಾ ಬೇಡ್ವಾ ಅನ್ನೋದು ಹಡಗಿನ ಕ್ಯಾಪ್ಟನ್ ಒಬ್ಬರದೇ ತೀರ್ಮಾನ, ಆಫೀಸಿಂದ ಯಾರೂ ಹೋಗು ಅಂತ ತಳ್ಳಂಗಿಲ್ಲ. ನನಗಂತೂ ಹೋಗಲ್ಲ ಅನ್ನೋ ಕ್ಯಾಪ್ಟನ್ ಮೇಲೆನೇ ಜಾಸ್ತಿ ನಂಬಿಕೆ. ನಾನೂ ಒಂದ್ಸಲ ಹೀಗೆ ದ್ವೀಪವೊಂದರಲ್ಲಿ ಎರಡು ರಾತ್ರಿ ಜಾಸ್ತಿ ಉಳ್ಕೊಂಡಿದ್ದೀನಿ, ಮುಂದಿನ ಟ್ರೈನು ಹೋಟೆಲ್ಲು ಎಲ್ಲಾ ಹೋಯ್ತು, ಬಯ್ಕೊಂಡಿದ್ದೂ ಹೌದು. ಅದಕ್ಕೇ ಹೇಳೋದು, ದ್ವೀಪದಿಂದ ವಾಪಸ್ ಬರೋ ದಿನಾನೇ ಊರಿಗೆ ಫ್ಲೈಟ್ ಬುಕ್ ಮಾಡ್ಬೇಡಿ.

ಪ್ರಶ್ನೆ: ನಾಯಿ ಕರ್ಕೊಂಡು ಹೋಗ್ಬಹುದಾ? ವಾಂತಿ ಆಗದೇ ಇರಕ್ಕೆ ಏನ್ ಮಾಡ್ಬೇಕು? (ನಾಯಿಗಲ್ಲ, ನನಗೆ.)

ನಾಯಿಗೆ ಬೆಲ್ಟ್ ಇದ್ರೆ ಸಾಕು. ರಮ್‌ನಲ್ಲಿ ಜಿಂಕೆ, ಎಲ್ಲಾ ಕಡೆ ಕುರಿ, ಬಿಡ್ಬೇಡಿ. ನಿಮಗೆ: ಹೊರಗಡೆ, ಹಡಗಿನ ಮಧ್ಯಭಾಗದಲ್ಲಿ ನಿಂತ್ಕೊಂಡು ದಿಗಂತ ನೋಡಿ, ಮೊಬೈಲ್ ಜೇಬಲ್ಲಿಡಿ.

ಪ್ರಶ್ನೆ: ರಾಸೇ ದ್ವೀಪಕ್ಕೆ ಹೋಗೋ ಫೆರ್ರಿ ಹತ್ತಿದ್ದೆ. ಹಡಗು ನೇರ ಅಡ್ಡಡ್ಡಕ್ಕೆ ಸರೀತಿತ್ತು, ಏಡಿ ಥರ! ಇದು ಹೇಗೆ ಸಾಧ್ಯ? ಇಂಜಿನ್ ಸದ್ದೂ ಸ್ವಲ್ಪ ಹೊತ್ತು ನಿಂತೇ ಹೋಗಿತ್ತು.

ಇಂಥ ಪ್ರಶ್ನೆಗೆ ಕಾಯ್ತಿದ್ದೆ. ನೀವು ಹತ್ತಿದ್ದು ಹಲೇಗ್ ಇರ್ಬೇಕು, ಸ್ಕೈ ದ್ವೀಪದ ಸ್ಕಾನ್ಸರ್‌ನಿಂದ ರಾಸೇಗೆ. ಅದರ ಕೆಳಗೆ ಮಾಮೂಲಿ ಪ್ರೊಪೆಲ್ಲರೂ ಇಲ್ಲ ಚುಕ್ಕಾಣಿನೂ ಇಲ್ಲ. ಮುಂದೊಂದು ಹಿಂದೊಂದು ದುಂಡನೆ ತಟ್ಟೆ ತಲೆಕೆಳಗಾಗಿ ಕೂತಿರತ್ತೆ, ಅದರಿಂದ ಚಾಕುವಿನ ಹಾಗೆ ಉದ್ದುದ್ದ ಅಲಗುಗಳು ನೀರಿಗೆ ನೇರ ಕೆಳಕ್ಕೆ ಇಳಿಬಿದ್ದಿರತ್ವೆ. ತಟ್ಟೆ ಗಿರಗಿರ ತಿರುಗತ್ತೆ, ತಿರುಗ್ತಾನೇ ಒಂದೊಂದು ಅಲಗೂ ತನ್ನ ಓರೆ ಬದಲಾಯಿಸ್ಕೊಳತ್ತೆ, ಯಾವ ಜಾಗದಲ್ಲಿ ಎಷ್ಟು ಓರೆ ಅನ್ನೋದನ್ನ ಮೇಲಿಂದ ಲಿವರ್‌ನಲ್ಲಿ ಹೇಳ್ಬಹುದು. ಅಲ್ಲಿಗೆ ನೀರನ್ನ ಯಾವ ದಿಕ್ಕಿಗೆ ಬೇಕಾದ್ರೂ ತಳ್ಳಬಹುದು, ಹಡಗು ಅದರ ವಿರುದ್ಧ ದಿಕ್ಕಿಗೆ ಹೋಗತ್ತೆ, ಮುಂದೆ ಹಿಂದೆ ಅಡ್ಡ ಮೂಲೆ. ಆಸ್ಟ್ರಿಯದ ಅರ್ನ್ಸ್ಟ್ ಷ್ನೈಡರ್ ಅನ್ನೋ ಇಂಜಿನಿಯರ್ ತಲೆಗೆ ಹೊಳೆದಿದ್ದು, ಫಾಯ್ತ್ ಕಂಪನಿ ಮಾಡಿದ್ದು, ಅದಕ್ಕೆ ಫಾಯ್ತ್ ಷ್ನೈಡರ್ ಅಂತ ಹೆಸರು. ಸ್ಲಿಪ್‌ವೇಗೆ ಮೂತಿ ಒತ್ತಿ ಹಿಡ್ಕೊಂಡು ಪಕ್ಕದಿಂದ ಹೊಡೆಯೋ ಪ್ರವಾಹಕ್ಕೆ ಸರೀದೇ ನಿಲ್ಲಬೇಕಲ್ಲ, ಆ ಕೆಲಸಕ್ಕೆ ಇದು ಹೇಳಿ ಮಾಡಿಸಿದ್ದು. ಮತ್ತೆ ನೋಡಿ, ದಡ!

ಇನ್ನು ಸದ್ದು ನಿಂತಿದ್ದು. ಹಲೇಗ್ ಡೀಸೆಲ್ ಮತ್ತು ಬ್ಯಾಟರಿ ಎರಡೂ ಇರೋ ಹೈಬ್ರಿಡ್, ಕಾರು ಹತ್ತಿಸಿಕೊಂಡು ಸಮುದ್ರದಲ್ಲಿ ಓಡೋ ಫೆರ್ರಿಗಳಲ್ಲಿ ಈ ಥರದ್ದು ಪ್ರಪಂಚದಲ್ಲೇ ಮೊದಲನೇದು ಅಂತ ಹೆಸರು. ಕ್ಲೈಡ್ ನದಿ ದಂಡೆಯ ಪೋರ್ಟ್ ಗ್ಲಾಸ್ಗೋದಲ್ಲಿ ಕಟ್ಟಿ 2012ರ ಕೊನೇಲಿ ನೀರಿಗೆ ಬಿಟ್ರು, 2013ರಲ್ಲಿ ಕೆಲಸ ಶುರು. 23 ಕಾರು, 150 ಜನ, ಎರಡು ಲಿಥಿಯಂ ಬ್ಯಾಟರಿ ಗುಂಪು ಸೇರಿ 700 ಯೂನಿಟ್ ಹಿಡಿಸತ್ತೆ. ರಾತ್ರಿ ದಡದಲ್ಲಿ ಪ್ಲಗ್ ಹಾಕಿ ಚಾರ್ಜ್ ಮಾಡ್ತಾರೆ. ಅದೇ ಮಾದರಿಯಲ್ಲಿ ಇನ್ನೆರಡು ಬಂದ್ವು, ಲಾಕಿನ್‌ವರ್ ಮತ್ತೆ ಕ್ಯಾಟ್ರಿಯೋನ. ಲಾಕ್‌ನೆವಿಸ್ ಹಾಗಲ್ಲ, ಅದಕ್ಕೆ ಮಾಮೂಲಿ ಪ್ರೊಪೆಲ್ಲರೇ, ತೆರೆದ ಸಮುದ್ರದಲ್ಲಿ ಗಂಟೆಗಟ್ಟಲೆ ಓಡ್ಬೇಕಲ್ಲ.

ಪ್ರಶ್ನೆ: ಪ್ರಪಂಚದಲ್ಲೇ ಅತೀ ಸಣ್ಣ ಕಾರ್ ಫೆರ್ರಿ ಯಾವುದು? ಕ್ವಿಜ್‌ಗೆ ಬೇಕು.

ಪ್ರಪಂಚದ ಲೆಕ್ಕಕ್ಕೆ ನಾನು ಕೈ ಹಾಕಲ್ಲ, ಯಾವ ನದೀಲಿ ಯಾರು ಎರಡು ಹಲಗೆ ಕಟ್ಟಿ ಕಾರು ದಾಟಿಸ್ತಿದ್ದಾರೋ. ಸ್ಕಾಟ್ಲೆಂಡ್‌ದು ಹೇಳ್ತೀನಿ, ಕ್ವಿಜ್‌ಗೆ ಬರಲ್ಲ ಆದ್ರೆ ಮಜಾ ಇದೆ.

ಓಬನ್ ಊರಿನ ಎದುರಿಗೇ ಕೆರೆರ ಅನ್ನೋ ದ್ವೀಪ ಇದೆ, ಅದಕ್ಕೆ ಹೋಗೋ ಕಾರ್ವೋರಿಯ ಅನ್ನೋ ಫೆರ್ರೀಲಿ ಒಂದು ಕಾರು, ಹನ್ನೆರಡು ಜನ. ಒಂದೇ! ಎರಡನೇ ಕಾರು ಮುಂದಿನ ಟ್ರಿಪ್ಪಿಗೆ. ಉತ್ತರದ ಶೆಟ್‌ಲ್ಯಾಂಡ್ ಮತ್ತು ಆರ್ಕ್ನಿ ದ್ವೀಪಸಮೂಹಗಳ ಮಧ್ಯೆ ಒಂಟಿಯಾಗಿ ಕೂತಿರೋ ಫೇರ್ ಐಲ್‌ಗೆ ಹೋಗ್ತಿದ್ದ ‘ಗುಡ್ ಶೆಫರ್ಡ್ ನಾಲ್ಕು’ ಅನ್ನೋ ಹಡಗು, 1986ರದ್ದು, ಅದರಲ್ಲೂ ಹನ್ನೆರಡೇ ಜನ, ಕಾರು ಒಂದು, ಅದನ್ನೂ ಓಡಿಸ್ಕೊಂಡು ಹತ್ತೋ ಹಾಗಿಲ್ಲ, ಕ್ರೇನಿಂದ ಎತ್ತಿ ಡೆಕ್ ಮೇಲೆ ಇಡೋದು. ಎರಡೂವರೆ ಗಂಟೆ ದಾರಿ, ಅಟ್ಲಾಂಟಿಕ್ಕೂ ನಾರ್ತ್ ಸೀನೂ ಕೂಡೋ ಜಾಗ, ಆ ಪ್ರಯಾಣದ ಬಗ್ಗೆ ಸಿಹಿಯಾಗಿ ಮಾತಾಡಿದವರನ್ನ ನಾನು ಕಂಡಿಲ್ಲ. ಆರ್ಕ್ನಿಯ ನಾರ್ತ್ ರೋನಲ್ಡ್ಸೇ ದ್ವೀಪಕ್ಕೂ ಕಾರು ಹೋಗೋದು ಕ್ರೇನಲ್ಲೇ, ನಾಲ್ಕು ಚಕ್ರಕ್ಕೂ ಪಟ್ಟಿ ಹಾಕಿ ಗಾಳೀಲಿ ತೂಗಾಡಿಸ್ತಾ ಕೆಳಗಿಳಿಸ್ತಾರೆ.

ನನಗೆ ಎಲ್ಲಕ್ಕಿಂತ ಇಷ್ಟ ಗ್ಲೆನಾಚುಲಿಶ್. 1969ರದ್ದು, ಆರು ಕಾರು. ಗ್ಲೆನೆಲ್ಗ್‌ನಿಂದ ಸ್ಕೈ ದ್ವೀಪದ ಕೈಲ್‌ರಿಯಾಗೆ ಈಸ್ಟರ್‌ನಿಂದ ಅಕ್ಟೋಬರ್‌ವರೆಗೂ ಓಡತ್ತೆ. ಇದರ ಡೆಕ್ಕೇ ಒಂದು ದೊಡ್ಡ ತಿರುಗೋ ಮಣೆ. ಫೆರ್ರಿ ದಡಕ್ಕೆ ಪಕ್ಕ ಕೊಟ್ಟು ನಿಲ್ಲತ್ತೆ, ಡೆಕ್ಕನ್ನ ಜನ ಕೈಯಲ್ಲೇ ತಳ್ಳಿ ದಡದ ಕಡೆ ತಿರುಗಿಸ್ತಾರೆ, ಕಾರು ಹತ್ತತ್ವೆ, ಮತ್ತೆ ತಳ್ಳಿ ಉದ್ದಕ್ಕೆ ತಿರುಗಿಸ್ತಾರೆ, ಆ ದಡದಲ್ಲಿ ಮತ್ತೆ ಇದೇ. ಆ ಜಲಸಂಧೀಲಿ ನೀರಿನ ಸೆಳೆತ ಭಯಂಕರ, ಅಲ್ಲಿ ಮೂತಿ ದಡಕ್ಕಿಟ್ಟು ನಿಲ್ಲೋದಕ್ಕಿಂತ ಹರಿವಿಗೆ ಎದುರಾಗಿ ಪಕ್ಕ ಒರಗಿಸಿ ನಿಲ್ಲೋದು ಸುಲಭ, ಹಂಗಾಗಿ ಈ ಉಪಾಯ. ಕೈಯಲ್ಲಿ ತಿರುಗಿಸೋ ಇಂಥದ್ದು ಬೇರೆಲ್ಲೂ ಉಳಿದಿಲ್ಲ ಅಂತಾರೆ, ಈಗ ಅದನ್ನ ನಡೆಸೋದು ಊರಿನ ಜನರದ್ದೇ ಸಂಸ್ಥೆ.

ಪ್ರಶ್ನೆ: ಇಷ್ಟೆಲ್ಲ ಕಷ್ಟ ಯಾಕೆ, ಸೇತುವೆ ಕಟ್ಟಿಬಿಡಬಹುದಲ್ಲ? ಶ್ರೀಮಂತ ದೇಶ ಅದು.

ಕಟ್ಟೋ ಕಡೆ ಕಟ್ಟಿದ್ದಾರೆ. ಈಗ ಹೇಳಿದ ಗ್ಲೆನಾಚುಲಿಶ್ ಮೊದಲು ಓಡ್ತಿದ್ದಿದ್ದು ಬಲಾಚುಲಿಶ್‌ನಲ್ಲಿ, 1975ರಲ್ಲಿ ಅಲ್ಲಿ ಸೇತುವೆ ಬಂತು, ಫೆರ್ರಿಗೆ ಕೆಲಸ ಹೋಯ್ತು. ಸ್ಕೈಗೆ 1995ರಲ್ಲಿ ಸೇತುವೆ ಬಂತು, ಟೋಲ್ ಜಾಸ್ತಿ ಅಂತ ಊರವರು ವರ್ಷಗಟ್ಟಲೆ ಗಲಾಟೆ ಮಾಡಿದ್ರು, ಕೋರ್ಟು ಕಚೇರಿ ಎಲ್ಲಾ ಆಗಿ 2004ರ ಕೊನೇಲಿ ಟೋಲ್ ತೆಗೆದ್ರು. ಎರಿಸ್ಕೇ ದ್ವೀಪಕ್ಕೆ 2001ರಲ್ಲಿ ಸಮುದ್ರದ ಮೇಲೆ ಕಲ್ಲಿನ ದಾರಿನೇ ಹಾಕಿದ್ರು. ಆದ್ರೆ ಎಗ್‌ಗೆ ನೂರು ಜನಕ್ಕೆ ಹತ್ತಾರು ಕಿಲೋಮೀಟರ್ ತೆರೆದ ಸಮುದ್ರದಲ್ಲಿ ಯಾರು ಕಟ್ತಾರೆ? ಆ ದ್ವೀಪಕ್ಕೆ ಕರೆಂಟ್ ತಂತಿ ಎಳೆಯೋದೇ ದುಬಾರಿ ಅಂತ ಬಿಟ್ಟಿದ್ರು, ಮನೆಮನೇಲಿ ಡೀಸೆಲ್ ಜನರೇಟರು ಗುಡುಗುಡು ಅಂತಿತ್ತು. 1997ರಲ್ಲಿ ದ್ವೀಪದ ಜನಾನೇ ಟ್ರಸ್ಟ್ ಮಾಡ್ಕೊಂಡು ದ್ವೀಪ ಕೊಂಡ್ಕೊಂಡ್ರು, 2008ರಲ್ಲಿ ಗಾಳಿ ನೀರು ಬಿಸಿಲು ಮೂರರಿಂದಲೂ ತಮ್ಮದೇ ಕರೆಂಟ್ ಮಾಡ್ಕೊಂಡ್ರು. ಮನೆಗೆ ಒಂದೇ ಹೊತ್ತಲ್ಲಿ 5 ಕಿಲೋವಾಟ್ ದಾಟಂಗಿಲ್ಲ, ಅಂಗಡಿ ಗಿಂಗಡಿಗೆ 10. ದಾಟಿದ್ರೆ ಟ್ರಿಪ್ ಆಗತ್ತೆ.

ಪ್ರಶ್ನೆ: ಈ ಫೆರ್ರಿ ಲಾಭದಲ್ಲಿ ನಡಿಯತ್ತಾ? ಯಾರದು?

ಲಾಭ ಅನ್ನೋ ಮಾತೇ ಇಲ್ಲ. ಓಡಿಸೋದು ಕ್ಯಾಲ್‌ಮ್ಯಾಕ್, ಪೂರ್ತಿ ಹೆಸರು ಕ್ಯಾಲೆಡೋನಿಯನ್ ಮ್ಯಾಕ್‌ಬ್ರೇನ್, ಎರಡು ಹಳೇ ಹಡಗು ಕಂಪನಿ ಸೇರಿ 1973ರಲ್ಲಿ ಆದದ್ದು. ಹಡಗುಗಳು ಮಾತ್ರ ಅವರ ಹೆಸರಲ್ಲಿಲ್ಲ, 2006ರಿಂದ ಬೇರೆ ಸರ್ಕಾರಿ ಕಂಪನಿ ಹೆಸರಲ್ಲಿವೆ. ಎರಡೂ ಸ್ಕಾಟ್ಲೆಂಡ್ ಸರ್ಕಾರದ್ದೇ. ಶೆಟ್‌ಲ್ಯಾಂಡ್‌ನ ಒಳದ್ವೀಪಗಳ ಫೆರ್ರಿ ಅಲ್ಲಿನ ಕೌನ್ಸಿಲ್‌ದು.

ಟಿಕೆಟ್ಟಿನ ಕಥೆ ಸ್ವಲ್ಪ ಇದೆ. 2008ರಲ್ಲಿ ಕೆಲವು ರೂಟಲ್ಲಿ ಪ್ರಯೋಗ ಅಂತ ಶುರು ಮಾಡಿ 2015ರ ಹೊತ್ತಿಗೆ ಕ್ಯಾಲ್‌ಮ್ಯಾಕ್‌ನ ಎಲ್ಲಾ ರೂಟಿಗೂ ಒಂದು ಪದ್ಧತಿ ತಂದ್ರು, ಅಷ್ಟೇ ದೂರ ರಸ್ತೇಲಿ ಕಾರು ಓಡಿಸಿದ್ರೆ ಎಷ್ಟು ಖರ್ಚಾಗತ್ತೋ ಅದನ್ನ ಲೆಕ್ಕಕ್ಕಿಟ್ಕೊಂಡು ಫೆರ್ರಿ ದರ. ಫೆರ್ರಿ ಅಂದ್ರೆ ರಸ್ತೆನೇ, ಟೂರಿಸ್ಟ್ ಬೋಟಲ್ಲ ಅನ್ನೋದನ್ನ ಸರ್ಕಾರ ದುಡ್ಡಲ್ಲಿ ಒಪ್ಪಿಕೊಂಡ ಹಾಗಾಯ್ತು, ನನಗಂತೂ ಖುಷಿ. ಆದ್ರೆ ಟಿಕೆಟ್ ಅಗ್ಗ ಆಗಿದ್ದೇ ತಡ ಕ್ಯಾಂಪರ್ ವ್ಯಾನುಗಳೆಲ್ಲ ದ್ವೀಪದ ಕಡೆ ತಿರುಗಿದ್ವು, ಬೇಸಿಗೇಲಿ ಆಸ್ಪತ್ರೆಗೆ ಹೋಗ್ಬೇಕು ಅನ್ನೋ ದ್ವೀಪದವರಿಗೇ ಡೆಕ್ಕಲ್ಲಿ ಜಾಗ ಇಲ್ಲ! ಒಳ್ಳೇದು ಮಾಡಕ್ಕೆ ಹೋಗಿ ಹೀಗೂ ಆಗತ್ತೆ.

ಪ್ರಶ್ನೆ: ಆ ದ್ವೀಪಗಳಲ್ಲಿ ಮಕ್ಕಳು ಸ್ಕೂಲಿಗೆ ಹೇಗೆ ಹೋಗ್ತಾರೆ? ದಿನಾ ಫೆರ್ರೀಲಾ? ನಾನು ಟೀಚರ್, ಅದಕ್ಕೆ ಕೇಳ್ದೆ.

ದಿನಾ ಫೆರ್ರಿನೇ ಇಲ್ಲ ಮೇಡಂ, ನಾಲ್ಕು ದ್ವೀಪಕ್ಕೆ ಒಂದು ಹಡಗು, ಎಲ್ಲಾ ದ್ವೀಪಕ್ಕೂ ಎಲ್ಲಾ ದಿನ ಹೋಗಲ್ಲ. ಚಿಕ್ಕ ಮಕ್ಕಳಿಗೆ ದ್ವೀಪದಲ್ಲೇ ಪುಟ್ಟ ಶಾಲೆ, ಬೆರಳೆಣಿಕೆ ಮಕ್ಕಳು. ಹೈಸ್ಕೂಲಿಗೆ ಬಂದ್ಮೇಲೆ ಮ್ಯಾಲೆಗ್‌ನಲ್ಲಿ ಹಾಸ್ಟೆಲ್, ವಾರವಿಡೀ ಅಲ್ಲಿದ್ದು ವೀಕೆಂಡಿಗೆ ಫೆರ್ರಿ ಹತ್ತಿ ಮನೆಗೆ. ಹನ್ನೊಂದು ಹನ್ನೆರಡು ವರ್ಷದ ಮಗು. ಶುಕ್ರವಾರ ಹವಾಮಾನ ಕೆಟ್ರೆ ಆ ವಾರ ಅಮ್ಮನ ಮುಖ ಇಲ್ಲ. ಟೈಮ್‌ಟೇಬಲಲ್ಲಿ ಒಂದು ಟ್ರಿಪ್ ಹಿಂದೆ ಮುಂದೆ ಮಾಡಿದ್ರೂ ದ್ವೀಪದವರು ಅಷ್ಟು ಜಗಳ ಆಡ್ತಾರಲ್ಲ, ಯಾಕೆ ಅಂತ ನನಗೆ ಗೊತ್ತಾಗಿದ್ದು ಇದನ್ನ ತಿಳ್ಕೊಂಡ್ಮೇಲೆ.

ಅಂಗಡಿ ಸಾಮಾನು, ಪೋಸ್ಟು, ಮಾರಕ್ಕೆ ಹೋಗೋ ಕುರಿ ದನ, ಫ್ರಿಜ್ಜು, ಮದುವೆ ನೆಂಟರು, ಕೊನೆಗೆ ಹೆಣದ ಪೆಟ್ಟಿಗೆನೂ ಅದೇ ಡೆಕ್ಕಲ್ಲಿ. ರಾತ್ರೋರಾತ್ರಿ ಯಾರಿಗಾದ್ರೂ ತೀರಾ ಹುಷಾರಿಲ್ದೆ ಹೋದ್ರೆ ಮಾತ್ರ ಮ್ಯಾಲೆಗ್‌ನ ಲೈಫ್‌ಬೋಟು ಇಲ್ಲಾ ಕೋಸ್ಟ್‌ಗಾರ್ಡ್ ಹೆಲಿಕಾಪ್ಟರ್.

ಪ್ರಶ್ನೆ: ನೀವು ರಮ್ ಅಂತ ಬರೀತೀರ, ನನ್ನ ಹತ್ರ ಇರೋ ಹಳೇ ಮ್ಯಾಪಲ್ಲಿ ಸ್ಪೆಲಿಂಗಲ್ಲಿ ಒಂದು ಎಚ್ ಜಾಸ್ತಿ ಇದೆ. ಯಾವುದು ಸರಿ?

ಎಚ್ ಇಲ್ಲದ್ದೇ ಸರಿ. ನೂರು ವರ್ಷದ ಹಿಂದೆ ದ್ವೀಪದ ಯಜಮಾನರಾಗಿದ್ದ ಶ್ರೀಮಂತರಿಗೆ ತಮ್ಮ ದ್ವೀಪಕ್ಕೆ ಹೆಂಡದ ಹೆಸರು ಅಂದ್ರೆ ಮುಜುಗರ ಆಗಿ ಎಚ್ ಸೇರಿಸಿದ್ರು ಅಂತಾರೆ. ದ್ವೀಪ 1957ರಲ್ಲಿ ಸರ್ಕಾರದ ನಿಸರ್ಗ ಸಂರಕ್ಷಣೆಯವರ ಕೈಗೆ ಬಂತು, ಎಚ್ ಕೂಡ ಆಮೇಲೆ ಹೋಯ್ತು. ಆದ್ರೆ ಎಪ್ಪತ್ತರ ದಶಕದಲ್ಲಿ ಕ್ಯಾಲ್‌ಮ್ಯಾಕ್ ಐದಾರು ಕಾರು ಹಿಡಿಸೋ ಎಂಟು ಪುಟ್ಟ ಫೆರ್ರಿ ಕಟ್ಟಿಸಿ ಅವುಗಳಲ್ಲಿ ಕೆಲವಕ್ಕೆ ದ್ವೀಪಗಳ ಹೆಸರಿಟ್ಟಾಗ ಒಂದಕ್ಕೆ ಎಚ್ ಇರೋ ರಮ್ ಅಂತಾನೇ ಬರೆಸಿದ್ರು. ಇನ್ನೊಂದಕ್ಕೆ ಎಗ್, ಮತ್ತೊಂದಕ್ಕೆ ಕ್ಯಾನ. ಮಕ್ ಅಂತ ಯಾವುದಕ್ಕೂ ಇಡಲಿಲ್ಲ, ಅಲ್ಲಿನ ಹಳೇ ಭಾಷೆ ಗೇಲಿಕ್‌ನಲ್ಲಿ ಅದರರ್ಥ ಹಂದಿ.

ಪ್ರಶ್ನೆ: ಒಂದೇ ದಿನ ಇದೆ ನಮ್ಮ ಹತ್ರ. ನಾಲ್ಕೂ ದ್ವೀಪ ನೋಡ್ಬಹುದಾ?

ಹಡಗಿಂದ ಇಳೀದೇ ನೋಡ್ಬಹುದು! ಹತ್ತಿ, ಇಳೀದೇ, ಸುತ್ತು ಹಾಕ್ಕೊಂಡು ವಾಪಸ್ ಬರೋ ಟಿಕೆಟ್ಟೇ ಇದೆ. ಯಾವ ದಿನ ಎಷ್ಟು ದ್ವೀಪ ಮುಟ್ಟತ್ತೆ ಅಂತ ನೋಡ್ಕೊಂಡು ಬುಕ್ ಮಾಡಿ. ಬಲಗಡೆ ಎಡಗಡೆ ಓಡಾಡ್ತಾ ಇರಿ, ಬೇಸಿಗೇಲಿ ಮಿಂಕಿ ತಿಮಿಂಗಿಲ ಕಂಡ್ರೂ ಕಾಣ್ಬಹುದು, ಮ್ಯಾಂಕ್ಸ್ ಶಿಯರ್‌ವಾಟರ್ ಅನ್ನೋ ಹಕ್ಕಿಗಳು ನೀರಿಗೆ ರೆಕ್ಕೆ ತಾಗಿಸೋ ಹಾಗೆ ಹಾರ್ತಿರತ್ವೆ, ರಮ್‌ನ ಬೆಟ್ಟದ ತುದೀಲಿ ಬಿಲ ತೋಡಿ ಲಕ್ಷಗಟ್ಟಲೆ ಗೂಡು ಕಟ್ಟೋವು ಅವು. ಇಳೀಲೇಬೇಕು ಅಂದ್ರೆ ಎಗ್ ಒಂದನ್ನೇ ಆರಿಸ್ಕೊಳ್ಳಿ, 393 ಮೀಟರ್ ಎತ್ತರದ ಆನ್ ಸ್ಗೂರ್ ಬಂಡೆ ಹತ್ತಕ್ಕೆ ಟೈಮ್ ಸಿಕ್ಕತ್ತಾ ಅಂತ ಮಾತ್ರ ಫೆರ್ರಿ ವಾಪಸ್ ಬರೋ ಟೈಮ್ ನೋಡಿ ಲೆಕ್ಕ ಹಾಕಿ.

ಪ್ರಶ್ನೆ: ಅಂಕಲ್, ಫೆರ್ರಿ ರಾತ್ರಿ ಎಲ್ಲಿ ಮಲಗತ್ತೆ? (ಎರಡನೇ ಕ್ಲಾಸು)

ಲಾಕ್‌ನೆವಿಸ್ ಮ್ಯಾಲೆಗ್‌ನಲ್ಲಿ ಕಟ್ಟೆಗೆ ಹಗ್ಗ ಕಟ್ಟಿಸ್ಕೊಂಡು ಮಲಗತ್ತೆ ಪುಟ್ಟಾ, ಬಾಲ ಮೇಲೆತ್ತಿಕೊಂಡು. ಹಲೇಗ್ ಫೋನಿನ ಥರ ಚಾರ್ಜಿಗೆ ಹಾಕ್ಕೊಂಡು ಮಲಗತ್ತೆ. ಫೇರ್ ಐಲ್‌ನಲ್ಲಿ ಮಾತ್ರ ಚಳಿಗಾಲದ ಅಲೆ ಎಷ್ಟು ಕೆಟ್ಟದ್ದು ಅಂದ್ರೆ ಗುಡ್ ಶೆಫರ್ಡನ್ನ ನೀರಲ್ಲಿ ಬಿಡೋ ಹಾಗೇ ಇರಲಿಲ್ಲ, ಚಕ್ರದ ತೊಟ್ಟಿಲಲ್ಲಿ ಕೂರ್ಸಿ ಹಗ್ಗ ಹಾಕಿ ದಡದ ಮೇಲಕ್ಕೆ ಎಳೆದು ಮಲಗಿಸ್ತಿದ್ರು, ಬೆಳಿಗ್ಗೆ ಸಮುದ್ರ ಸುಮ್ನಾದ್ರೆ ಮತ್ತೆ ನೀರಿಗೆ.